ಕಣಿವೆ: ದಾಟುವ ಜಾಗ ತಗ್ಗಿನ ಜಾಗವಾದ ಬಗೆ

ನನಗೆ ಕೊಟ್ಟಿರುವ ಹೊತ್ತಿನಲ್ಲಿ ಒಂದೇ ಒಂದು ಪದದ ಬಗ್ಗೆ ಮಾತಾಡ್ತೀನಿ. ಅದು ‘ಕಣಿವೆ’. ಮೊದಲು ಒಂದು ವಾಕ್ಯ ಹೇಳ್ತೀನಿ, ಕೇಳಿ: “ಅವರು ಬನಿಹಾಲ್ ಕಣಿವೆಯನ್ನು ದಾಟಿ ಕಾಶ್ಮೀರ ಕಣಿವೆಗೆ ಇಳಿದರು.”

ಇದರಲ್ಲಿ ವ್ಯಾಕರಣದ ತಪ್ಪೇನೂ ಇಲ್ಲ. ಪತ್ರಿಕೆಯಲ್ಲಿ ಬಂದರೆ ಯಾರೂ ನಿಂತು ಎರಡನೇ ಸಲ ಓದಲ್ಲ. ಆದರೆ ಮೊದಲನೆಯ ಕಣಿವೆ ಇರೋದು ಬೆಟ್ಟದ ನೆತ್ತಿಯ ಹತ್ತಿರ. ಎರಡನೆಯದು ಬೆಟ್ಟಗಳ ನಡುವಿನ ತಗ್ಗು. ಒಂದು ದಾರಿ, ಇನ್ನೊಂದು ನೆಲೆ. ಒಂದನ್ನು ದಾಟುತ್ತೇವೆ, ಇನ್ನೊಂದರಲ್ಲಿ ಬದುಕುತ್ತೇವೆ. ಎರಡಕ್ಕೂ ಕನ್ನಡದಲ್ಲಿ ಒಂದೇ ಹೆಸರು. ನಮ್ಮ ಶಾಲೆಯ ಪುಸ್ತಕಗಳಲ್ಲಿ ಖೈಬರ್ ಕಣಿವೆ, ಬೋಲನ್ ಕಣಿವೆ ಅಂತ ಓದಿದ್ದೇವೆ. ಸಿಂಧೂ ಕಣಿವೆಯ ನಾಗರಿಕತೆ ಅಂತಲೂ ಓದಿದ್ದೇವೆ. ಹೊರಗಿನವರು ಖೈಬರ್ ಕಣಿವೆಯ ಮೂಲಕ ಬಂದರು ಅಂದಾಗ, ಅವರು ಒಂದು ದೊಡ್ಡ ತಗ್ಗಿನೊಳಗೆ ನಡೆದು ಬಂದರು ಅಂತ ಕಲ್ಪಿಸಿಕೊಂಡ ಮಕ್ಕಳು ಎಷ್ಟೋ.

ಕರ್ನಾಟಕದ ಒಳಗೆ ಇದ್ದರೆ ಈ ಗೊಂದಲ ಕಣ್ಣಿಗೆ ಬೀಳೋದು ಕಷ್ಟ. ಗಡಿಯ ಆಚೆ ಇದ್ದರೆ ದಿನಾ ಬೀಳುತ್ತೆ, ಯಾಕಂದ್ರೆ ಅಲ್ಲಿ ಇನ್ನೊಂದು ಭಾಷೆ ಪಕ್ಕದಲ್ಲೇ ಕೂತಿರುತ್ತೆ. ತಾಳವಾಡಿಯಲ್ಲೋ ಹೊಸೂರಿನಲ್ಲೋ ಮನೆಯಲ್ಲಿ ಕನ್ನಡ, ಶಾಲೆಯಲ್ಲಿ ತಮಿಳು ಇರುವ ಹುಡುಗಿಗೆ ಖೈಬರ್ ‘ಕಣವಾಯ್’, ಕಾಶ್ಮೀರ ‘ಪಳ್ಳತ್ತಾಕ್ಕು’. ತಮಿಳಿನಲ್ಲಿ ಇವು ಎರಡು ಬೇರೆ ಬೇರೆ ಪದ. ಆಂಧ್ರದ ಕಡೆ ರಾಯದುರ್ಗ, ಮಡಕಶಿರಾಗಳಲ್ಲಿ ತೆಲುಗು ಓದುವ ಹುಡುಗನಿಗೆ ದಾರಿ ‘ಕನುಮ’, ತಗ್ಗು ‘ಲೋಯ’. ಕಾಸರಗೋಡಿನಲ್ಲಿ, ವಯನಾಡಿನಲ್ಲಿ ಮಲಯಾಳ ಓದುವವರಿಗೆ ‘ಚುರಂ’ ಮತ್ತು ‘ತಾಳ್‌ವರ’. ಸೊಲ್ಲಾಪುರ, ಜತ್ತ, ಅಕ್ಕಲಕೋಟೆಗಳಲ್ಲಿ ಮರಾಠಿ ಓದುವವರಿಗೆ ‘ಖಿಂಡ’ ಮತ್ತು ‘ದರಿ’. ನದಿಯ ದೊಡ್ಡ ತಗ್ಗಾದರೆ ‘ಖೋರೆ’. ನಾಲ್ಕೂ ನೆರೆಭಾಷೆಗಳು ದಾರಿಯನ್ನೂ ತಗ್ಗನ್ನೂ ಬೇರೆ ಬೇರೆ ಇಟ್ಟಿವೆ. ಕನ್ನಡ ಮಾತ್ರ ಎರಡನ್ನೂ ಒಂದೇ ಗಂಟಿನಲ್ಲಿ ಕಟ್ಟಿದೆ.

ಹೀಗಾಗಿ ಕೇಳಬೇಕಾದ ಪ್ರಶ್ನೆ ಇದು: ಕಣಿವೆ ಅಂದರೆ ಮೊದಲಿಗೆ ಏನಾಗಿತ್ತು? ನನ್ನ ಉತ್ತರವನ್ನ ಈಗಲೇ ಹೇಳಿಬಿಡ್ತೀನಿ. ಅದು ಮೊದಲು ದಾರಿಯ ಹೆಸರು. ಬೆಟ್ಟಸಾಲು ಎಲ್ಲಿ ಸೀಳಿ ಬಾಯಿ ಬಿಟ್ಟಿದೆಯೋ, ಎಲ್ಲಿ ಮನುಷ್ಯನೋ ದನವೋ ಹೊಳೆಯೋ ಈ ಕಡೆಯಿಂದ ಆ ಕಡೆಗೆ ಹೋಗಬಹುದೋ, ಆ ಜಾಗ. ತಗ್ಗು, ಇಳಿಜಾರಿನ ನೆಲೆ ಅನ್ನುವ ಅರ್ಥ ಆಮೇಲೆ ಸೇರಿಕೊಂಡದ್ದು. ಇದಕ್ಕೆ ಸಾಕ್ಷಿ ಹೆಚ್ಚಾಗಿ ಸಿಗೋದು ಗಡಿಯ ಮೇಲೆಯೇ.

ಮೊದಲು ಪದದ ರೂಪ ನೋಡೋಣ. ಆಡುಮಾತಿನಲ್ಲಿ ಕಣಿವೆ, ಕಣವೆ, ಕಣುವೆ ಅಂತೆಲ್ಲ ಕೇಳ್ತೀವಿ. ಉತ್ತರದ ಕಡೆ ಕಣಿವಿ. ನಡುವಿನ ಸ್ವರ ಗಟ್ಟಿಯಿಲ್ಲ. ಇದೇನೂ ವಿಶೇಷವಲ್ಲ, ಮದುವೆಯನ್ನೇ ಮದವೆ, ಮದಿವೆ, ಮದಿವಿ ಅನ್ನಲ್ವಾ, ಹಾಗೆ. ಇದನ್ನು ತೆಲುಗಿನ ‘ಕನಮ’ ಅಥವಾ ‘ಕನುಮ’ದ ಪಕ್ಕ ಇಟ್ಟು ನೋಡಿ. ಕನ್ನಡದ ಣ-ಕಾರ ತೆಲುಗಿನಲ್ಲಿ ನ-ಕಾರವಾಗೋದು ನಿಯಮದ ಹಾಗೆ ನಡೆಯುತ್ತೆ: ಕಣ್ಣು–ಕನ್ನು, ಮಣ್ಣು–ಮನ್ನು, ಸುಣ್ಣ–ಸುನ್ನಂ. ಪದದ ಕೊನೆಯ ಎ-ಕಾರ ಅಲ್ಲಿ ಅ-ಕಾರ: ತಲೆ–ತಲ, ಬೆಣ್ಣೆ–ವೆನ್ನ. ಇನ್ನು ವ-ಕಾರ ಮ-ಕಾರಗಳ ಅದಲುಬದಲು: ನಮ್ಮ ಹಾವು ಅವರ ಪಾಮು, ನಮ್ಮ ಬೇವು ಅವರ ಹಳೆಯ ವೇಮು. ಒಂದೊಂದು ಅಕ್ಷರವೂ ಲೆಕ್ಕಕ್ಕೆ ಸಿಗುತ್ತೆ. ಅಂದರೆ ಕಣವೆ ಮತ್ತು ಕನಮ ಒಬ್ಬರಿಂದೊಬ್ಬರು ಸಾಲ ತಗೊಂಡ ಪದಗಳ ಹಾಗೆ ಕಾಣಲ್ಲ. ಒಂದೇ ತಾಯಿಯ ಮಕ್ಕಳ ಹಾಗೆ ಕಾಣುತ್ತವೆ.

ತಮಿಳಿನ ‘ಕಣವಾಯ್’ ಇನ್ನೂ ಹೆಚ್ಚು ಹೇಳುತ್ತೆ. ಅದರ ಕೊನೆಯಲ್ಲಿ ‘ವಾಯ್’ ಇದೆ. ವಾಯ್ ಅಂದರೆ ಬಾಯಿ. ತಮಿಳಿನ ವಾಯ್ ಕನ್ನಡದಲ್ಲಿ ‘ವೆ’ ಆಗಲು ಸಾಧ್ಯವಾ ಅಂತ ಕೇಳಬಹುದು. ಅದಕ್ಕೆ ನಮ್ಮ ಗದ್ದೆಯ ಪಕ್ಕದಲ್ಲೇ ಒಂದು ಪದ ಹರೀತಾ ಇದೆ: ಕಾಲುವೆ. ತಮಿಳಿನಲ್ಲಿ ಅದು ‘ಕಾಲ್ವಾಯ್’, ತೆಲುಗಿನಲ್ಲಿ ‘ಕಾಲುವ’. ಕಾಲ್ವಾಯ್ ಕಾಲುವೆಯಾದ ಮೇಲೆ ಕಣವಾಯ್ ಕಣವೆಯಾಗಲು ಏನೂ ಅಡ್ಡಿಯಿಲ್ಲ. ಕಾಲುವದಲ್ಲಿ ವ-ಕಾರ ಉಳಿಸಿಕೊಂಡ ತೆಲುಗು ಕನುಮದಲ್ಲಿ ಮಾತ್ರ ಯಾಕೆ ಮ-ಕಾರ ಮಾಡಿಕೊಂಡಿತು ಅಂದರೆ, ಪಕ್ಕದಲ್ಲಿರುವ ನ-ಕಾರದ ಮೂಗಿನ ದನಿ ವ-ಕಾರಕ್ಕೂ ಹತ್ತಿಕೊಂಡಿತು ಅನ್ನೋದು ನನ್ನ ಊಹೆ.

ಇಲ್ಲೇ ಕಾಸರಗೋಡಿನ ಕಡೆಯ ಒಂದು ಪದವನ್ನೂ ಸೇರಿಸಬೇಕು ಅನಿಸುತ್ತೆ. ಕರಾವಳಿಯಲ್ಲಿ ಹೊಳೆ ಸಮುದ್ರ ಸೇರುವ ಜಾಗಕ್ಕೆ ‘ಅಳಿವೆ’ ಅಂತಾರೆ. ‘ಅಳಿವೆ ಬಾಗಿಲು’ ಅಂತಲೂ ಹೇಳ್ತಾರೆ. ಮಲಯಾಳದಲ್ಲಿ ಅದು ‘ಅಳಿಮುಖಂ’. ಬಾಗಿಲು ಅನ್ನೋ ಪದವೇ ತಮಿಳಿನ ‘ವಾಯಿಲ್’ ಜತೆ ಸೇರುವಂಥದ್ದು, ಅಂದರೆ ಮನೆಯ ಬಾಯಿ. ಕಾಲುವೆ, ಅಳಿವೆ, ಕಣಿವೆ: ಒಂದರಲ್ಲಿ ನೀರು ಹೊಲಕ್ಕೆ ಹೋಗುತ್ತೆ, ಇನ್ನೊಂದರಲ್ಲಿ ಹೊಳೆ ಕಡಲಿಗೆ ಹೋಗುತ್ತೆ, ಮತ್ತೊಂದರಲ್ಲಿ ಮನುಷ್ಯ ಬೆಟ್ಟದ ಆಚೆ ಹೋಗ್ತಾನೆ. ಮೂರೂ ಹಾದುಹೋಗುವ ತೆರಪುಗಳು. ಹಾಗಂತ ಕನ್ನಡದಲ್ಲಿ ‘ವೆ’ಯಲ್ಲಿ ಮುಗಿಯೋದೆಲ್ಲ ಬಾಯಿ ಅಂತ ನಾನು ಹೇಳ್ತಾ ಇಲ್ಲ, ಮದುವೆ, ಒಡವೆಗಳ ‘ವೆ’ ಬೇರೆಯೇ. ಅಳಿವೆಯನ್ನು ಕೂಡ ಪೂರಕ ಸಾಕ್ಷಿಯಾಗಿ ಇಡ್ತೀನಿ, ಮುಖ್ಯ ಸಾಕ್ಷಿ ಕಾಲುವೆಯೇ.

ಪದದ ಮೊದಲ ಭಾಗ ‘ಕಣ್’. ಕನ್ನಡದಲ್ಲಿ ಕಣ್ಣು ಅಂದರೆ ನೋಡುವ ಅಂಗ ಅಷ್ಟೇ ಅಲ್ಲ, ತೂತು, ಸಂದು ಅಂತಲೂ ಆಗುತ್ತೆ. ಜರಡಿಗೆ ಕಣ್ಣಿದೆ, ಬಲೆಗೆ ಕಣ್ಣಿದೆ, ತೆಂಗಿನಕಾಯಿಗೆ ಮೂರು ಕಣ್ಣು. ಕಮಾನುಗಳ ಹಳೆಯ ಸೇತುವೆಯನ್ನು ಇಷ್ಟು ಕಣ್ಣಿನ ಸೇತುವೆ ಅಂತ ಎಣಿಸ್ತೀವಿ. ಬೆಟ್ಟಸಾಲಿನಲ್ಲಿ ಬಿದ್ದ ಕಣ್ಣು, ಅದರ ಬಾಯಿ. ಈ ಬಿಡಿಸುವಿಕೆ ನನಗೆ ಒಪ್ಪಿಗೆಯಾಗುತ್ತೆ. ಕಣವಾಯ್ ಅನ್ನೋದರಲ್ಲಿ ವಾಯ್ ಆಮೇಲೆ ತಮಿಳು ಮಾತಾಡುವವರು ಹುಡುಕಿಕೊಂಡ ಅರ್ಥ ಅಂತ ಯಾರಾದರೂ ವಾದ ಮಾಡಿದರೂ, ಅರ್ಥದ ಮಟ್ಟಿಗೆ ನಷ್ಟವೇನೂ ಇಲ್ಲ. ತಮಿಳಿನವರಿಗೂ ತೆಲುಗಿನವರಿಗೂ ಇಂದಿಗೂ ಅದು ದಾಟುವ ಜಾಗವೇ. ಧರ್ಮಪುರಿ–ಸೇಲಂ ನಡುವಿನ ತೊಪ್ಪೂರು ಕಣವಾಯ್ ಇರಬಹುದು, ಪಶ್ಚಿಮಘಟ್ಟ ಮೈಲುಗಟ್ಟಲೆ ಬಿಟ್ಟುಕೊಟ್ಟಿರುವ ಪಾಲಕ್ಕಾಡಿನ ಕಣವಾಯ್ ಇರಬಹುದು, ಹಾದು ಹೋಗೋದೇ ಅದರ ಗುಣ. ತೆಲುಗಿನ ಕಡೆ ದಾಮಲಚೆರುವು ಕನುಮ ಅಂತ ಒಂದಿದೆ. 1740ರಲ್ಲಿ ಆರ್ಕಾಟಿನ ನವಾಬ ದೋಸ್ತ್ ಅಲಿಖಾನ್ ಮರಾಠರ ಎದುರು ಸೋತು ಸತ್ತದ್ದು ಅಲ್ಲಿ. ಕನುಮವನ್ನು ಹಿಡಿದವರಿಗೆ ದಾರಿ, ಬಿಟ್ಟವರಿಗೆ ಸೋಲು.

ರಾಯದುರ್ಗದ ಕಡೆಯ ಗೆಳೆಯರು ಒಂದು ಮಾತು ಕೇಳಬಹುದು: ಸಂಕ್ರಾಂತಿಯ ಮಾರನೇ ದಿನ ಬರುವ, ದನಕರುಗಳ ಹಬ್ಬವಾದ ಕನುಮಕ್ಕೂ ಇದಕ್ಕೂ ಸಂಬಂಧ ಇದೆಯಾ ಅಂತ. ದನಗಳನ್ನು ಕನುಮಕ್ಕೆ ಹೊಡೆದುಕೊಂಡು ಹೋಗ್ತಿದ್ದರು, ಅದಕ್ಕೇ ಆ ಹೆಸರು ಅಂತ ಕಥೆ ಕಟ್ಟೋದು ಸುಲಭ. ಕಥೆ ಚೆನ್ನಾಗಿದೆ ಅನ್ನೋದೊಂದೇ ಕಾರಣಕ್ಕೆ ನಾನು ಅದನ್ನು ಇಲ್ಲಿ ಸೇರಿಸಲ್ಲ.

ಈಗ ಊರ ಹೆಸರುಗಳಿಗೆ ಬರೋಣ. ನಿಘಂಟಿಗಿಂತ ಊರ ಹೆಸರು ಹಟಮಾರಿ. ಅರ್ಥ ಬದಲಾದರೂ ಅದು ಬದಲಾಗಲ್ಲ. ಹಿರಿಯೂರಿನ ಹತ್ತಿರದ ಮಾರಿಕಣಿವೆ ಎಲ್ಲರಿಗೂ ಗೊತ್ತು. ವಾಣಿವಿಲಾಸ ಸಾಗರ ಅನ್ನೋದು ಸರ್ಕಾರದ ಹೆಸರು, ಜನರ ಬಾಯಲ್ಲಿ ಇಂದಿಗೂ ಮಾರಿಕಣಿವೆ. ಅಲ್ಲಿ ಕಣಿವೆ ಮಾರಮ್ಮನ ಗುಡಿಯಿದೆ. ವೇದಾವತಿ ಹೊಳೆ ಎರಡು ಗುಡ್ಡಗಳ ನಡುವೆ ಇಕ್ಕಟ್ಟಾಗಿ ನುಗ್ಗಿ ಹೋಗುವ ಜಾಗ ಅದು. ಅದಕ್ಕೇ ಅಲ್ಲಿ ಅಣೆಕಟ್ಟು ಕಟ್ಟಿದರು; 1907ರ ಹೊತ್ತಿಗೆ ಕೆಲಸ ಮುಗಿಯಿತು. ತಗ್ಗಿನ ಬಯಲಿಗೆ ಅಡ್ಡಲಾಗಿ ಅಷ್ಟು ಗಿಡ್ಡ ಗೋಡೆ ಕಟ್ಟಿ ಅಷ್ಟು ನೀರು ನಿಲ್ಲಿಸಕ್ಕಾಗಲ್ಲ. ಬಾಯಿಗೆ ಬಿರಡೆ ಹಾಕಬಹುದು. ಈಗ ಹಿನ್ನೀರು ನಿಂತಿರುವ ವಿಸ್ತಾರವಾದ ತಗ್ಗು ಇದೆಯಲ್ಲ, ಇಂದಿನ ಅರ್ಥದಲ್ಲಿ ಅದೇ ಕಣಿವೆ. ಆದರೆ ಆ ಹೆಸರು ಹೊತ್ತಿರೋದು ಅದಲ್ಲ, ಅಣೆಕಟ್ಟು ನಿಂತಿರುವ ಇಕ್ಕಟ್ಟು. ಈ ಒಂದು ಉದಾಹರಣೆಯೇ ನನ್ನ ಮಾತಿಗೆ ಸಾಕು ಅಂದುಕೊಂಡಿದ್ದೀನಿ. ಆ ಕಣಿವೆಯಿಂದ ಹೊರಬಿದ್ದ ವೇದಾವತಿ ಮುಂದೆ ಹಗರಿ ಅನ್ನಿಸಿಕೊಂಡು ರಾಯದುರ್ಗದ ಸೀಮೆಗೆ ಹೋಗ್ತಾಳೆ. ಅಲ್ಲಿ ಭೈರವಾನಿ ತಿಪ್ಪದ ಅಣೆಕಟ್ಟು ಇರೋದು ಅವಳ ಮೇಲೆಯೇ. ಕಣಿವೆ ದಾಟಿದ ನೀರನ್ನ ಕನುಮ ಅನ್ನುವವರು ಕುಡೀತಾರೆ.

ಚನ್ನಗಿರಿ ತಾಲ್ಲೂಕಿನಲ್ಲಿ ಕೆರೆಬಿಳಚಿ, ಕಣಿವೆಬಿಳಚಿ ಅಂತ ಎರಡು ಊರುಗಳಿವೆ. ಇವು ಸೂಳೆಕೆರೆಯ, ಅಂದರೆ ಶಾಂತಿಸಾಗರದ ಸೀಮೆ. ಆ ಕೆರೆಯ ಏರಿಯೂ ಎರಡು ಗುಡ್ಡಗಳ ನಡುವಿನ ತೆರಪಿಗೆ ಹಾಕಿದ್ದು. ಒಂದು ಬಿಳಚಿಗೆ ಕೆರೆ ಗುರುತು, ಇನ್ನೊಂದಕ್ಕೆ ಕಣಿವೆ ಗುರುತು. ಕುಶಾಲನಗರದ ಹತ್ತಿರ ಕಾವೇರಿಯ ದಂಡೆಯಲ್ಲಿ ಕಣಿವೆ ಅಂತಲೇ ಒಂದು ಊರಿದೆ, ತೂಗುಸೇತುವೆ ಇರುವ ಊರು. ಸೇತುವೆ ದಾಟಿದರೆ ಕೊಡಗು ಮುಗಿದು ಮೈಸೂರು ಜಿಲ್ಲೆ.

ಇನ್ನು ನಮ್ಮ ಕಡೆಗೆ ಬರ್ತೀನಿ. ತಾಳವಾಡಿ ಘಟ್ಟದ ಮೇಲಿದೆ. ಅಲ್ಲಿಂದ ಚಾಮರಾಜನಗರಕ್ಕೆ ಹೋಗೋಕೆ ಘಟ್ಟ ಇಳಿಯಬೇಕಾಗಿಲ್ಲ. ನಮ್ಮದೇ ತಮಿಳುನಾಡಿನ ಸತ್ಯಮಂಗಲಕ್ಕೆ, ಈರೋಡಿಗೆ ಹೋಗಬೇಕಾದರೆ ದಿಂಬದ ಘಟ್ಟದ 27 ತಿರುವು ಇಳಿಯಬೇಕು. 1956ರಲ್ಲಿ ರಾಜ್ಯಗಳನ್ನು ಹಂಚಿದಾಗ ಕೊಳ್ಳೇಗಾಲ ತಾಲ್ಲೂಕು ಮೈಸೂರಿಗೆ ಬಂತು, ತಾಳವಾಡಿ ಮದರಾಸಿನಲ್ಲೇ ಉಳೀತು. ಗಡಿಯ ಗೆರೆ ಘಟ್ಟದ ಬಾಯಲ್ಲಿ ಬೀಳಲಿಲ್ಲ, ಘಟ್ಟ ಹತ್ತಿ ಬಂದು ನಮ್ಮ ಹೊಲಗಳ ಆಚೆ ಬಿತ್ತು. ಭಾಷೆ ಮಾತ್ರ ಭೂಮಿಯ ಮಾತನ್ನ ಕೇಳಿಕೊಂಡು ಹಾಗೇ ಉಳೀತು. ನಮ್ಮ ಮನೆಗಳಲ್ಲಿ ‘ಘಟ್ಟದ ಕೆಳಗೆ ಹೋಗಿದ್ದಾರೆ’ ಅಂದರೆ ಆಫೀಸಿನ ಕೆಲಸಕ್ಕೆ ಹೋಗಿದ್ದಾರೆ ಅಂತಲೇ ಅರ್ಥ. ಆ ಘಟ್ಟದ ಬುಡದಲ್ಲಿ ಬಣ್ಣಾರಿ ಅಮ್ಮನ ಗುಡಿ. ಅವಳೂ ಮಾರಿಯೇ. ಹಿರಿಯೂರಿನ ಕಣಿವೆ ಮಾರಮ್ಮನನ್ನೂ ಬಣ್ಣಾರಿಯ ಮಾರಿಯಮ್ಮನನ್ನೂ ಒಟ್ಟಿಗೆ ನೆನೆದರೆ ಒಂದು ಮಾತು ಹೊಳೆಯುತ್ತೆ: ಬೆಟ್ಟದ ಬಾಯಿ ಅಂದರೆ ಹೋದವರು ಬರ್ತಾರೋ ಇಲ್ಲವೋ ಅನ್ನೋ ಭಯದ ಜಾಗ. ಕಾಡು, ಆನೆ, ಕಳ್ಳರು, ಜ್ವರ. ಅಲ್ಲಿ ಕಾಯುವವಳೊಬ್ಬಳು ಬೇಕು. ತಗ್ಗಿನ ಬಯಲಿಗೆ ಅಂಥ ಕಾವಲುಗಾತಿ ಬೇಕಾಗಲ್ಲ.

ಹಾಗಾದರೆ ತಗ್ಗಿಗೆ ಕನ್ನಡದವರು ಏನಂತಿದ್ದರು? ಪದ ಇಲ್ಲದೇ ಇದ್ದರಾ? ಇದ್ದವು, ಒಂದಲ್ಲ ಹಲವು, ಮತ್ತು ಅವು ಸೀಮೆಯಿಂದ ಸೀಮೆಗೆ ಬೇರೆ. ಸೊಲ್ಲಾಪುರ, ಜತ್ತದ ಕಡೆಯಿಂದ ಸವದತ್ತಿಗೆ ಹೋಗುವ ಭಕ್ತರು ಏಳುಕೊಳ್ಳದ ಎಲ್ಲಮ್ಮ ಅಂತ ಕರೀತಾರಲ್ಲ, ಆ ‘ಕೊಳ್ಳ’ ಒಂದು. ಗುಡ್ಡಗಳ ನಡುವಿನ ಆಳವಾದ ತಗ್ಗು ಅದು. ಹಳ್ಳಕೊಳ್ಳ ತುಂಬಿ ಹರಿದವು ಅಂತೀವಿ. ಕಣಿವೆ ತುಂಬಿ ಹರಿಯಿತು ಅಂತ ಯಾರಾದರೂ ಅಂದದ್ದು ಕೇಳಿದ್ದೀರಾ? ಕೊಳ್ಳ ತುಂಬುತ್ತೆ, ಕಣಿವೆ ತುಂಬಲ್ಲ. ಇದು ನನಗೆ ತುಂಬ ನಂಬಿಕೆಯ ಪರೀಕ್ಷೆ. ಪದದ ಅರ್ಥವನ್ನು ಅದರ ಜತೆ ಬರುವ ಕ್ರಿಯಾಪದವೇ ಹೇಳಿಬಿಡುತ್ತೆ.

‘ಹಳ್ಳ’ದ ಕಥೆ ಇನ್ನೂ ಸೊಗಸು. ಹಳಗನ್ನಡದ ‘ಪಳ್ಳ’, ತಮಿಳಿನ ‘ಪಳ್ಳಂ’ ಎರಡೂ ತಗ್ಗು, ಗುಂಡಿ. ತಮಿಳಿನ ಪಳ್ಳತ್ತಾಕ್ಕಿನಲ್ಲಿ ಇರೋದೂ ಇದೇ ಪಳ್ಳ. ಹತ್ತನೆಯ ಶತಮಾನದಿಂದೀಚೆಗೆ ಕನ್ನಡದಲ್ಲಿ ಪದದ ಮೊದಲಿನ ಪ-ಕಾರ ಹ-ಕಾರವಾಗ್ತಾ ಹೋಯಿತು. ಪಳ್ಳ ಹಳ್ಳವಾಯಿತು. ತಗ್ಗಿನಲ್ಲಿ ನೀರು ಹರಿಯೋದರಿಂದ ಹಳ್ಳ ಅಂದರೆ ಹರಿಯುವ ನೀರು ಅಂತಲೂ ಆಯಿತು. ನೀಲಗಿರಿಯ ಬಡಗರ ಮಾತಿನಲ್ಲೂ ಅದು ಹಳ್ಳವೇ, ಪಳ್ಳ ಅಲ್ಲ. ಬಡಗವನ್ನು ಕನ್ನಡದ ಒಳನುಡಿ ಅನ್ನಬೇಕೋ ಸ್ವತಂತ್ರ ಭಾಷೆ ಅನ್ನಬೇಕೋ ಅನ್ನುವ ಚರ್ಚೆಗೆ ನಾನು ಕೈ ಹಾಕಲ್ಲ. ಬಡಗರೇ ಅದನ್ನು ಹೇಳಬೇಕು. ಆದರೆ ಆ ಹ-ಕಾರ ಒಂದು ದಿನಾಂಕದ ಮೊಹರಿದ್ದ ಹಾಗೆ. ಪ-ಕಾರ ಹ-ಕಾರವಾದ ಮೇಲೆ ಆ ಮಾತು ಬೆಟ್ಟ ಹತ್ತಿದೆ. ಮಸಿನಗುಡಿಯ ಕಡೆ ಮೋಯಾರಿಗೆ ಸೇರುವ ತೊರೆಯೊಂದರ ಹೆಸರು ಇಂಗ್ಲಿಷಿನ ನಕ್ಷೆಯಲ್ಲೂ ‘ಸೀಗೂರ್ ಹಳ್ಳ’ ಅಂತಲೇ ಇದೆ. ಸುತ್ತ ತಮಿಳು ಆಡಳಿತ, ಮೇಲೆ ಇಂಗ್ಲಿಷ್ ನಕ್ಷೆ, ನಡುವೆ ಹಳ್ಳ ಹಾಗೇ ಹರೀತಾ ಇದೆ.

ಕಾಸರಗೋಡಿನಲ್ಲಿ ತಗ್ಗಿನ ಪದ ‘ಬೈಲು’. ಬಯಲುಸೀಮೆಯವರಿಗೆ ಬಯಲು ಅಂದರೆ ಮರವಿಲ್ಲದ, ಮನೆಯಿಲ್ಲದ ತೆರೆದ ನೆಲ. ಕರಾವಳಿಯವರಿಗೆ ಬೈಲು ಅಂದರೆ ಎರಡು ಗುಡ್ಡೆಗಳ ನಡುವೆ ಕೆಳಗಿರುವ, ನೀರು ನಿಲ್ಲುವ ಗದ್ದೆ. ಮೇಲೆ ಬೆಟ್ಟು, ನಡುವೆ ಮಜಲು, ಕೆಳಗೆ ಬೈಲು ಅಂತ ಭೂಮಿಯನ್ನು ಮೂರು ದರ್ಜೆ ಮಾಡ್ತಾರೆ. ಆ ಬೈಲು ಮಲಯಾಳದ ‘ವಯಲ್’ಗೆ ಅಣ್ಣತಮ್ಮ. ವಯನಾಡು ಅಂದರೆ ವಯಲ್‌ಗಳ ನಾಡು ಅಂತಲೇ ಸಾಮಾನ್ಯವಾಗಿ ಬಿಡಿಸ್ತಾರೆ. ಹೀಗೆ ನೋಡಿದರೆ ವ್ಯಾಲಿ ಅನ್ನುವ ಇಂಗ್ಲಿಷ್ ಮಾತಿಗೆ ಕಾಸರಗೋಡಿನ ಬೈಲಿಗಿಂತ ಹತ್ತಿರವಾದ ಕನ್ನಡ ಪದ ಸಿಗೋದು ಕಷ್ಟ. ಆದರೆ ಪಠ್ಯಪುಸ್ತಕ ಬರೆದವರಿಗೆ ಕಾಸರಗೋಡು ದೂರ.

ಸಂಸ್ಕೃತದ ಕಂದರ, ದರಿ, ಉಪತ್ಯಕೆಗಳು ಕಾವ್ಯದಲ್ಲಿದ್ದವು, ಬೆಟ್ಟದ ಬುಡಕ್ಕೆ ತಪ್ಪಲು ಇತ್ತು. ಅವುಗಳ ಬಗ್ಗೆ ಹೆಚ್ಚು ಹೇಳಲ್ಲ.

ಅರ್ಥ ಯಾವಾಗ, ಹೇಗೆ ಜಾರಿತು? ಜಾರೋದಕ್ಕೆ ಇಳಿಜಾರು ಮೊದಲೇ ಇತ್ತು ಅನಿಸುತ್ತೆ. ಮಾರಿಕಣಿವೆಯಂಥ ಜಾಗದಲ್ಲಿ ನಿಂತವನಿಗೆ ಎರಡೂ ಕಡೆ ಗುಡ್ಡ, ನಡುವೆ ತಗ್ಗು, ತಗ್ಗಿನಲ್ಲಿ ನೀರು ಕಾಣುತ್ತೆ. ದಾರಿ ಅಂತ ನೋಡಿದರೆ ದಾರಿ, ತಗ್ಗು ಅಂತ ನೋಡಿದರೆ ತಗ್ಗು. ಆಮೇಲೆ ಇಂಗ್ಲಿಷ್ ಭೂಗೋಳ ಕನ್ನಡಕ್ಕೆ ಬಂತು. ಅದಕ್ಕೆ ಇಡೀ ನಾಡಿಗೆ ಒಂದೇ ಪದ ಬೇಕಿತ್ತು. ಕೊಳ್ಳ ಉತ್ತರದವರದು, ಬೈಲು ಕರಾವಳಿಯವರದು, ಹಳ್ಳ ಅಂದರೆ ನೀರು. ಕಣಿವೆ ಎಲ್ಲರಿಗೂ ಸ್ವಲ್ಪ ಸ್ವಲ್ಪ ಗೊತ್ತಿತ್ತು, ಕೇಳೋಕೂ ಇಂಪು. ಅದನ್ನೇ ಎತ್ತಿಕೊಂಡರು. ಒಮ್ಮೆ ಪುಸ್ತಕಕ್ಕೆ ಸೇರಿದ ಮೇಲೆ ಅದು ಹರಡಿಕೊಂಡಿತು: ನೀಲಗಿರಿಗೆ ತಾಗಿಕೊಂಡಿರುವ ಸೈಲೆಂಟ್ ವ್ಯಾಲಿ ಕೂಡ ಕನ್ನಡದಲ್ಲಿ ಮೌನ ಕಣಿವೆ. ಈಗ ದಾರಿಯ ಅರ್ಥ ಬೇಕಾದಾಗ ‘ಕಣಿವೆ ಮಾರ್ಗ’ ಅಂತ ಬರೀತಾರೆ. ದಾರಿಗೆ ದಾರಿಯನ್ನೇ ಸೇರಿಸಿದ ಹಾಗೆ.

ಒಂದೇ ಪದ ಹರಪ್ಪ–ಮೊಹೆಂಜೊದಾರೋಗಳ ನಾಗರಿಕತೆಯನ್ನು ಹೇಳುವಾಗ ಭಾಷೆಯಿಂದ ಭಾಷೆಗೆ ಹೇಗೆ ಬದಲಾಗುತ್ತೆ ನೋಡಿ. ತಮಿಳಿನಲ್ಲಿ ಅದು ಸಿಂಧು ‘ಸಮವೆಳಿ’, ಅಂದರೆ ಸಮತಟ್ಟಾದ ಬಯಲು. ತೆಲುಗಿನಲ್ಲಿ ಸಿಂಧು ‘ಲೋಯ’. ಮಲಯಾಳದಲ್ಲಿ ಸಿಂಧು ‘ನದೀತಟ’. ಮರಾಠಿಯವರು ಜಗಳವೇ ಬೇಡ ಅಂತ ಸಿಂಧೂ ಸಂಸ್ಕೃತಿ ಅಂದುಬಿಟ್ಟರು. ಕನ್ನಡದಲ್ಲೂ ಸಿಂಧೂ ಬಯಲು ಅಂತ ಬರೆಯುವ ರೂಢಿ ಇತ್ತು, ಕಣಿವೆ ಅದನ್ನ ಪಕ್ಕಕ್ಕೆ ತಳ್ಳಿತು. ನೂರಾರು ಮೈಲಿ ಅಗಲದ ಬಯಲಿಗೆ ಇಕ್ಕಟ್ಟಿನ ಹೆಸರು. ನನ್ನ ಅಭಿಪ್ರಾಯ ಕೇಳಿದರೆ, ಇಲ್ಲಿ ಹಳೆಯವರ ಬಯಲೇ ಸರಿ.

ಹೀಗೆ ಜಾರಿದ್ದು ಕನ್ನಡದ ಕಣಿವೆ ಒಂದೇ ಅಲ್ಲ, ದಾರಿಯ ಹೆಸರುಗಳಿಗೆಲ್ಲ ಈ ಚಾಳಿ ಇದೆ. ನಮಗೆ ‘ಘಾಟಿ’ ಅಂದರೆ ದಾರಿ: ಶಿರಾಡಿ ಘಾಟಿ, ಚಾರ್ಮಾಡಿ ಘಾಟಿ. ಹಿಂದಿಯಲ್ಲಿ ಅದೇ ಘಾಟೀ ಇಂದು ತಗ್ಗು, ಕಾಶ್ಮೀರದ ಘಾಟೀ. ಆದರೆ 1576ರ ಯುದ್ಧ ನಡೆದ ಹಲ್ದಿಘಾಟಿ ಒಂದು ಇಕ್ಕಟ್ಟಿನ ದಾರಿ. ಅಲ್ಲೂ ಊರ ಹೆಸರು ಹಳೆಯ ಅರ್ಥವನ್ನೇ ಕಾಪಾಡಿಕೊಂಡಿದೆ. ಇನ್ನೊಂದು ದಿಕ್ಕಿನಲ್ಲಿ ಜಾರಿದ್ದೂ ಉಂಟು. ಘಟ್ಟ ಅಂದರೆ ಹತ್ತಿಳಿಯುವ ಜಾಗ. ಅದು ಇಡೀ ಬೆಟ್ಟಸಾಲಿನ ಹೆಸರಾಗಿ ಪಶ್ಚಿಮಘಟ್ಟ ಆಯಿತು. ತೆಲುಗಿನವರು ಆ ಪದವನ್ನು ತಮ್ಮ ಮಾತಿಗೆ ತರುವಾಗ ತೂರ್ಪು ಕನುಮಲು, ಪಡಮಟಿ ಕನುಮಲು ಅಂದರು. ಹಾಗಾಗಿ ಒಂದೇ ತಾಯಿಯ ಈ ಎರಡು ಮಕ್ಕಳಲ್ಲಿ ಕನುಮ ಮೇಲಕ್ಕೆ ಹತ್ತಿ ಪರ್ವತವಾಯಿತು, ಕಣಿವೆ ಕೆಳಗಿಳಿದು ತಗ್ಗಾಯಿತು. ಕಣವಾಯ್ ಮಾತ್ರ ಇದ್ದಲ್ಲೇ ಇದೆ.

ಘಟ್ಟದ ಹೆಸರು ಮನುಷ್ಯರಿಗೂ ಹತ್ತಿಕೊಂಡಿದೆ, ಅದನ್ನೂ ಹೇಳಬೇಕು. ಗೋವಾದಲ್ಲಿ ಘಟ್ಟದ ಮೇಲಿಂದ ದುಡಿಯೋಕೆ ಬಂದವರನ್ನು ‘ಘಾಂಟಿ’ ಅಂತ ಕರೀತಾರೆ. ಅಕ್ಷರಾರ್ಥ ನೋಡಿದರೆ ಘಟ್ಟದವರು ಅಂತಷ್ಟೇ. ಅಲ್ಲಿನ ಕನ್ನಡದ ಕೂಲಿಯವರಿಗೆ ಆ ಪದ ಹೇಗೆ ಚುಚ್ಚುತ್ತೆ ಅಂತ ಕೇಳಿದವರಿಗೆ ಗೊತ್ತು.

ಇದನ್ನೆಲ್ಲ ಯಾಕೆ ಹೇಳಿದೆ ಅಂದರೆ, ಗಡಿಯ ಕನ್ನಡಕ್ಕೆ ‘ಬೆರಕೆ’ ಅನ್ನೋ ಹಣೆಪಟ್ಟಿ ಇದೆ. ನಮ್ಮ ಕಡೆಯ ಹುಡುಗಿ ಮೈಸೂರಿಗೋ ಬೆಂಗಳೂರಿಗೋ ಓದೋಕೆ ಬಂದು, ಕಣಿವೆ ಅಂದರೆ ಬೆಟ್ಟ ದಾಟುವ ಜಾಗ ಅಂತ ಬರೆದರೆ, ಅದು ತಮಿಳಿನ ಕಣವಾಯ್ ಪ್ರಭಾವ ಅಂತ ಕೆಂಪು ಶಾಯಿ ಬೀಳುತ್ತೆ. ರಾಯದುರ್ಗದ ಹುಡುಗ ಬರೆದರೆ ತೆಲುಗಿನ ಪ್ರಭಾವ. ಅವರಿಬ್ಬರೂ ಬರೆದದ್ದು ಪದದ ಹಳೆಯ ಅರ್ಥ. ತಮಿಳುನಾಡಿನಲ್ಲಿ 2006ರ ತಮಿಳು ಕಲಿಕೆ ಕಾಯ್ದೆ ಬಂದಮೇಲೆ ಶಾಲೆಗಳಲ್ಲಿ ತಮಿಳು ಕಡ್ಡಾಯ. ಅದರ ಸರಿತಪ್ಪು ಬೇರೆ ಚರ್ಚೆ. ಆದರೆ ಎರಡೂ ಭಾಷೆ ಓದಲೇಬೇಕಾದ ಮಗುವಿಗೆ ಕಣವಾಯ್–ಕಣಿವೆ, ಕಾಲ್ವಾಯ್–ಕಾಲುವೆ, ಪಳ್ಳಂ–ಹಳ್ಳ, ವಯಲ್–ಬಯಲು ಅಂತ ಒಟ್ಟಿಗೆ ಬರೆದು ತೋರಿಸೋಕೆ ಒಂದು ಕರಿಹಲಗೆ ಸಾಕು. ಒಂದು ಭಾಷೆಗಾಗಿ ಇನ್ನೊಂದನ್ನು ಮರೆಯಬೇಕು ಅನ್ನೋ ಭಯ ಅಷ್ಟರಮಟ್ಟಿಗೆ ಕಡಿಮೆಯಾಗುತ್ತೆ.

ಕಣಿವೆಗೆ ಬಂದಿರುವ ಹೊಸ ಅರ್ಥವನ್ನು ಕಿತ್ತುಹಾಕಿ ಅಂತ ನಾನು ಹೇಳಲ್ಲ, ಅದು ಆಗುವ ಕೆಲಸವೂ ಅಲ್ಲ. ಕಾಶ್ಮೀರ ಕಣಿವೆ ಇನ್ನು ಕಾಶ್ಮೀರ ಕಣಿವೆಯೇ. ನಿಘಂಟು ಮಾಡುವವರು ದಾರಿಯ ಅರ್ಥವನ್ನು ಮೊದಲು ಕೊಟ್ಟು, ತಗ್ಗಿನ ಅರ್ಥವನ್ನು ಆಮೇಲೆ ಕೊಡಲಿ ಅನ್ನೋದು ನನ್ನ ಕೋರಿಕೆ.

ಇನ್ನೊಂದು ಕೋರಿಕೆ ಇಲ್ಲಿ ಸೇರಿರುವ ಬೇರೆ ಬೇರೆ ಸೀಮೆಯ ಗೆಳೆಯರಿಗೆ. ರಜೆಯಲ್ಲಿ ಊರಿಗೆ ಹೋದಾಗ ಕುರಿ ಕಾಯುವವರನ್ನು, ಗಾಡಿ ಹೊಡೆದ ಹಿರಿಯರನ್ನು ಕೇಳಿ, ಸುತ್ತಲಿನ ಗುಡ್ಡದ ಸಂದುಗಳ ಹೆಸರು ಬರೆದುಕೊಳ್ಳಿ. ಬರೀ ಹೆಸರು ಬರೆದುಕೊಂಡರೆ ಅರ್ಧ ಕೆಲಸ. ಅದರ ಜತೆ ಅವರು ಯಾವ ಕ್ರಿಯಾಪದ ಬಳಸ್ತಾರೆ ಅನ್ನೋದನ್ನೂ ಬರೆದುಕೊಳ್ಳಿ: ಕಣಿವೆ ‘ದಾಟಿದೆವು’ ಅಂತಾರಾ, ‘ಇಳಿದೆವು’ ಅಂತಾರಾ, ‘ಕಣಿವೆಯಲ್ಲಿ ಉತ್ತೆವು’ ಅಂತಾರಾ. ಜತ್ತದ ಕಡೆಯವರು ಕಣಿವಿ ಅನ್ನೋದು ಯಾವುದಕ್ಕೆ, ಖಿಂಡ ಅನ್ನೋದು ಯಾವುದಕ್ಕೆ ಅಂತ ಬೇರೆ ಬೇರೆ ಕಾಲಂ ಮಾಡಿ. ಕಾಸರಗೋಡಿನವರು ಬೈಲಿನ ಹೆಸರುಗಳನ್ನು ಕಳಿಸಿ. ಮಡಕಶಿರಾದವರಿಗೆ ಕನುಮದ ಪಟ್ಟಿ. ತಾಳವಾಡಿಯದ್ದು ನಾನು ನೋಡಿಕೊಳ್ತೀನಿ.